ಹಳೆಯ ಆಟ, ಹೊಸ ಕಂಪ್ಯೂಟರ್, ನಡುವಿನ ನೀರುಗಂಟಿ

(ಸುವರ್ಣ ಮಹೋತ್ಸವದ ಹಳೆಯ ವಿದ್ಯಾರ್ಥಿಗಳ ಗೋಷ್ಠಿಯಲ್ಲಿ ಮಾಡಿದ ಭಾಷಣದ ಬರಹ ರೂಪ)



ನನಗಿಂತ ಮೊದಲು ಮಾತಾಡಿದವರು ಸೈನ್ಯದ ಬಗ್ಗೆ, ರೇಷ್ಮೆ ಬೆಳೆಯ ಬಗ್ಗೆ, ಆಸ್ಪತ್ರೆ ಕೆಲಸದ ಬಗ್ಗೆ ಹೇಳಿದರು. ನನಗೆ ಕಂಪ್ಯೂಟರ್ ಬಗ್ಗೆ ಮಾತಾಡಿ ಅಂತ ಹೇಳಿದ್ದಾರೆ. ಕಂಪ್ಯೂಟರ್ ಅಂದರೆ ದೊಡ್ಡ ಸಮುದ್ರ. ನಾನು ಅದರಲ್ಲಿ ಒಂದು ಬೊಗಸೆ ನೀರನ್ನು ಮಾತ್ರ ಎತ್ತಿಕೊಳ್ಳುತ್ತೇನೆ. ಹಳೆಯ ಕಂಪ್ಯೂಟರ್ ಆಟಗಳು ತೆರೆಯ ಮೇಲೆ ಚಿತ್ರ ಹೇಗೆ ಬರೆಯುತ್ತಿದ್ದವು, ಇವತ್ತು ಅವು ಯಾಕೆ ನಡೆಯುವುದಿಲ್ಲ, ಮತ್ತೆ ನಡೆಸಬೇಕಾದರೆ ಏನು ಮಾಡಬೇಕು, ಇಷ್ಟೇ ನನ್ನ ವಿಷಯ.

‘ಸುವರ್ಣ ಮಹೋತ್ಸವದಲ್ಲಿ ಆಟದ ಮಾತು ಯಾಕಪ್ಪ’ ಅಂತ ಹಿರಿಯರಿಗೆ ಅನ್ನಿಸಬಹುದು. ಕಾರಣ ಇದೆ. ನಮ್ಮ ಶಾಲೆಯ ಮೂಲೆಯ ಕೊಠಡಿಯಲ್ಲಿ ಹತ್ತು ಹಳೆಯ ಕಂಪ್ಯೂಟರುಗಳಿವೆ. ಅವು ಹರಾಜಿನ ಪಟ್ಟಿಗೆ ಸೇರಿವೆ ಅಂತ ನಿನ್ನೆ ಗೊತ್ತಾಯಿತು. ಅವು ಗುಜರಿ ಗಾಡಿ ಹತ್ತುವ ಮೊದಲು ನಿಮ್ಮೆಲ್ಲರ ಹತ್ತಿರ ಒಂದು ಮಾತು ಕೇಳಬೇಕಾಗಿದೆ. ಅದನ್ನು ಕೇಳುವುದಕ್ಕೆ ಮೊದಲು ಸ್ವಲ್ಪ ಹಿನ್ನೆಲೆ ಹೇಳುತ್ತೇನೆ.

ನಾನು ಈ ಶಾಲೆಯಿಂದ ಎಸ್‌ಎಸ್‌ಎಲ್‌ಸಿ ಮುಗಿಸಿದ್ದು 1995ರಲ್ಲಿ. ಆಗ ಇಲ್ಲಿ ಕಂಪ್ಯೂಟರ್ ಇರಲಿಲ್ಲ. ದೇಶದಲ್ಲಿ ಶಾಲೆಗಳಿಗೆ ಕಂಪ್ಯೂಟರ್ ಕೊಡುವ ಪ್ರಯತ್ನ ಅದಕ್ಕೂ ಮೊದಲೇ ಶುರುವಾಗಿತ್ತು. 1984-85ರಲ್ಲಿ ಕೇಂದ್ರ ಸರ್ಕಾರ ‘ಕ್ಲಾಸ್’ ಅನ್ನುವ ಯೋಜನೆಯಲ್ಲಿ ಬ್ರಿಟನ್ನಿನ ಏಕಾರ್ನ್ ಕಂಪನಿಯ ‘ಬಿಬಿಸಿ ಮೈಕ್ರೊ’ ಯಂತ್ರಗಳನ್ನು ಆಯ್ದ ಶಾಲೆಗಳಿಗೆ ಕೊಟ್ಟಿತ್ತು. ನಮ್ಮಂಥ ಊರಿನವರಿಗೆ ಅದರ ಸುದ್ದಿಯೂ ಮುಟ್ಟಲಿಲ್ಲ. ನಾನು ಮಳವಳ್ಳಿಯಲ್ಲಿ ಪಿಯುಸಿ ಓದಿ, 1997ರಲ್ಲಿ ಮಂಡ್ಯದ ಪಿಇಎಸ್ ಇಂಜಿನಿಯರಿಂಗ್ ಕಾಲೇಜಿಗೆ ಸೇರಿದ ಮೇಲೆಯೇ ಕಂಪ್ಯೂಟರನ್ನು ಕೈಯಿಂದ ಮುಟ್ಟಿದ್ದು. ಕೆ.ವಿ. ಶಂಕರಗೌಡರು ಕಟ್ಟಿದ ಜನತಾ ಶಿಕ್ಷಣ ಸಂಸ್ಥೆಯವರು 1962ರಲ್ಲಿ ಆ ಕಾಲೇಜು ತೆರೆಯದೇ ಇದ್ದಿದ್ದರೆ ನನ್ನಂಥ ರೈತರ ಮಕ್ಕಳು ಎಷ್ಟೋ ಜನ ಇಂಜಿನಿಯರ್ ಆಗುತ್ತಿರಲಿಲ್ಲ.

ಆ ಕಾಲದಲ್ಲಿ ಕಂಪ್ಯೂಟರ್ ಓದಿದ ಯಾರನ್ನೇ ಕೇಳಿ, ನೀಲಿ ಬಣ್ಣದ ಒಂದು ತೆರೆಯನ್ನು ನೆನಪು ಮಾಡಿಕೊಳ್ಳುತ್ತಾರೆ. ಅದು ಅಮೆರಿಕದ ಬೋರ್ಲ್ಯಾಂಡ್ ಕಂಪನಿಯ ‘ಟರ್ಬೊ ಸಿ’. ಪ್ರೋಗ್ರಾಂ ಬರೆಯುವುದು, ತಪ್ಪು ಹುಡುಕುವುದು, ಓಡಿಸಿ ನೋಡುವುದು ಎಲ್ಲವೂ ಅದರೊಳಗೇ ಆಗುತ್ತಿತ್ತು. ಲ್ಯಾಬಿನಲ್ಲಿ ಮೇಷ್ಟ್ರು ಆಚೆ ಹೋದರೆ ಸಾಕು, ಫ್ಲಾಪಿಗಳು ಒಂದು ಕೈಯಿಂದ ಇನ್ನೊಂದು ಕೈಗೆ ಹೋಗುತ್ತಿದ್ದವು. ಅದರಲ್ಲಿ ಜಾನ್ ರೊಮೆರೊ ಬರೆದ ‘ಡೇವ್’ ಇರುತ್ತಿತ್ತು, ಜೋರ್ಡನ್ ಮೆಕ್ನರ್ ಬರೆದ ‘ಪ್ರಿನ್ಸ್ ಆಫ್ ಪರ್ಷಿಯಾ’ ಇರುತ್ತಿತ್ತು. ಗೆಳೆಯರು ಆಡುತ್ತಿದ್ದರು. ನನಗೆ ಆಟಕ್ಕಿಂತ ಬೇರೆ ಕುತೂಹಲ. ಈ ರಾಜಕುಮಾರ ಓಡುತ್ತಾನಲ್ಲ, ಅವನನ್ನು ತೆರೆಯ ಮೇಲೆ ಬರೆಯುವವರು ಯಾರು?

ಉತ್ತರ ಹೇಳುವುದಕ್ಕೆ ನಮ್ಮೂರಿನದೇ ಉದಾಹರಣೆ ಸಾಕು. ಕೆರೆ ಬಯಲಿನವರಿಗೆ, ನಾಲೆ ಬಯಲಿನವರಿಗೆ ನೀರುಗಂಟಿ ಯಾರು ಅಂತ ಹೇಳಬೇಕಾಗಿಲ್ಲ. ಗದ್ದೆಗೆ ನೀರು ಬೇಕಾದವನು ತಾನೇ ಹೋಗಿ ತೂಬು ಎತ್ತುವುದಿಲ್ಲ. ನೀರುಗಂಟಿಗೆ ಹೇಳುತ್ತಾನೆ. ಯಾವ ತೂಬು, ಎಷ್ಟು ಎತ್ತಬೇಕು, ಯಾವ ಕಾಲುವೆಗೆ ತಿರುಗಿಸಬೇಕು ಅನ್ನುವುದು ನೀರುಗಂಟಿಗೆ ಗೊತ್ತು. ರೈತ ಹೇಳುವುದು ಒಂದೇ ಮಾತು, ‘ನನ್ನ ಗದ್ದೆಗೆ ನೀರು ಬಿಡಪ್ಪ’.

ಕಂಪ್ಯೂಟರಿನಲ್ಲಿ ಪ್ರೋಗ್ರಾಂ ಬರೆಯುವವನು ರೈತ. ತೆರೆಯ ಮೇಲೆ ಚುಕ್ಕಿ ಬೆಳಗಿಸುವ ಗ್ರಾಫಿಕ್ಸ್ ಕಾರ್ಡು ಕೆರೆ. ನಡುವೆ ನಿಂತ ನೀರುಗಂಟಿಗೆ ‘ಗ್ರಾಫಿಕ್ಸ್ ಲೈಬ್ರರಿ’ ಅನ್ನುತ್ತಾರೆ. ಇಲ್ಲಿ ಲೈಬ್ರರಿ ಅಂದರೆ ಪುಸ್ತಕದ ಮನೆ ಅಲ್ಲ. ಬೇರೆ ಯಾರೋ ಬರೆದು, ಪರೀಕ್ಷೆ ಮಾಡಿ ಇಟ್ಟಿರುವ ಸಣ್ಣ ಸಣ್ಣ ಕೆಲಸಗಳ ಕಟ್ಟು. ನಾವು ‘ಇಲ್ಲಿಂದ ಅಲ್ಲಿಗೆ ಗೆರೆ ಎಳೆ’, ‘ಇಷ್ಟು ಅಗಲದ ವೃತ್ತ ಬರೆ’ ಅಂದರೆ ಸಾಕು, ಉಳಿದದ್ದನ್ನು ಅದು ನೋಡಿಕೊಳ್ಳುತ್ತದೆ.

ಟರ್ಬೊ ಸಿ ಜೊತೆಯಲ್ಲಿ ಇದ್ದ ನೀರುಗಂಟಿಯ ಹೆಸರು ‘ಬೋರ್ಲ್ಯಾಂಡ್ ಗ್ರಾಫಿಕ್ಸ್ ಇಂಟರ್‌ಫೇಸ್’, ಚಿಕ್ಕದಾಗಿ ಬಿಜಿಐ. 1987ರಲ್ಲಿ ಟರ್ಬೊ ಪಾಸ್ಕಲ್ಲಿನ ನಾಲ್ಕನೇ ಆವೃತ್ತಿಯ ಜೊತೆ ಅದು ಬಂತು, ಆಮೇಲೆ ಟರ್ಬೊ ಸಿಗೂ ಬಂತು. ಆ ಕಾಲದಲ್ಲಿ ಒಂದೊಂದು ಕಂಪ್ಯೂಟರಿನಲ್ಲಿ ಒಂದೊಂದು ಬಗೆಯ ಕಾರ್ಡು. ಸಿಜಿಎ ಕಾರ್ಡಿನಲ್ಲಿ ಅಡ್ಡಕ್ಕೆ 320, ಉದ್ದಕ್ಕೆ 200 ಚುಕ್ಕಿ, ನಾಲ್ಕೇ ಬಣ್ಣ. ಐಬಿಎಂ ಕಂಪನಿ 1987ರಲ್ಲಿ ತಂದ ವಿಜಿಎ ಕಾರ್ಡಿನಲ್ಲಿ ಅಡ್ಡಕ್ಕೆ 640, ಉದ್ದಕ್ಕೆ 480 ಚುಕ್ಕಿ, 16 ಬಣ್ಣ. ಒಟ್ಟು 3,07,200 ಚುಕ್ಕಿ. ಕಾರ್ಡು ಯಾವುದೇ ಇರಲಿ, ನಮ್ಮ ಪ್ರೋಗ್ರಾಂ ಬಹುಮಟ್ಟಿಗೆ ಅದೇ ಇರುತ್ತಿತ್ತು. ಒಂದೊಂದು ಬಗೆಯ ಕಾರ್ಡಿಗೆ ಒಂದೊಂದು ಡ್ರೈವರ್ ಫೈಲು. ವಿಜಿಎಗೆ ಇದ್ದ ಫೈಲಿನ ಹೆಸರು ‘ಇಜಿಎವಿಜಿಎ ಡಾಟ್ ಬಿಜಿಐ’. ‘ಇನಿಟ್‌ಗ್ರಾಫ್’ ಅಂತ ಕರೆದಾಗ ಲೈಬ್ರರಿ ಹೋಗಿ ಆ ಫೈಲನ್ನು ಹುಡುಕುತ್ತಿತ್ತು. ಸಿಕ್ಕರೆ ತೆರೆ ಕಪ್ಪಾಗಿ ಚಿತ್ರಕ್ಕೆ ಅಣಿಯಾಗುತ್ತಿತ್ತು. ಸಿಗದಿದ್ದರೆ ‘ಗ್ರಾಫಿಕ್ಸ್ ನಾಟ್ ಇನಿಷಿಯಲೈಸ್ಡ್’ ಅಂತ ಒಂದು ಸಾಲು ಬರುತ್ತಿತ್ತು. ಆ ಸಾಲನ್ನು ನೋಡದ ವಿದ್ಯಾರ್ಥಿ ಆ ಕಾಲದಲ್ಲಿ ಇರಲಿಲ್ಲ. ನೀರುಗಂಟಿ ಊರಲ್ಲಿಲ್ಲ, ಗದ್ದೆಗೆ ನೀರಿಲ್ಲ.

ಆದರೆ ದೊಡ್ಡ ಆಟಗಳನ್ನು ಬರೆದವರಲ್ಲಿ ಬಹಳ ಜನ ನೀರುಗಂಟಿಯನ್ನು ಕರೆಯದೇ ತಾವೇ ಹೋಗಿ ತೂಬು ಎತ್ತುತ್ತಿದ್ದರು. ವಿಜಿಎ ಕಾರ್ಡಿನ ನೆನಪಿನ ಜಾಗಕ್ಕೇ ನೇರವಾಗಿ ಬಣ್ಣದ ಅಂಕಿಗಳನ್ನು ಬರೆಯುತ್ತಿದ್ದರು. ಅದರಿಂದ ವೇಗ ಸಿಗುತ್ತಿತ್ತು. ಅದಕ್ಕೆ ತಕ್ಕ ಬೆಲೆಯೂ ಇತ್ತು. ಆಟ ಆ ಕಾಲದ ಯಂತ್ರಕ್ಕೇ ಅಂಟಿಕೊಂಡುಬಿಡುತ್ತಿತ್ತು.

ವೇಗದ ವಿಷಯಕ್ಕೆ ಒಂದು ತಮಾಷೆ ಹೇಳುತ್ತೇನೆ. ಹಳೆಯ ಆಟಗಳು ಎಷ್ಟೋ ಯಂತ್ರದ ವೇಗವನ್ನೇ ಗಡಿಯಾರ ಮಾಡಿಕೊಂಡಿದ್ದವು. ಹೊಸ ಕಂಪ್ಯೂಟರ್ ಬಂದಾಗ ಆಟದ ಗೊಂಬೆ ಕಣ್ಣಿಗೆ ಕಾಣದಷ್ಟು ಜೋರಾಗಿ ಓಡಿ ಗೋಡೆಗೆ ಹೊಡೆಯುತ್ತಿತ್ತು. ಅದಕ್ಕೇ ಆಗಿನ ಕಂಪ್ಯೂಟರಿನ ಪೆಟ್ಟಿಗೆಯ ಮೇಲೆ ‘ಟರ್ಬೊ’ ಅಂತ ಒಂದು ಗುಂಡಿ ಇರುತ್ತಿತ್ತು. ಹೆಸರು ವೇಗದ್ದು, ಕೆಲಸ ಮಾತ್ರ ನಿಧಾನ ಮಾಡುವುದು. ಟರ್ಬೊ ಪಾಸ್ಕಲ್ಲಿನಲ್ಲಿ ಬರೆದ ಪ್ರೋಗ್ರಾಮುಗಳಿಗೆ ಇನ್ನೂ ಒಂದು ಕಷ್ಟ ಬಂತು. ಅವು ಶುರುವಾಗುವಾಗ ಯಂತ್ರದ ವೇಗವನ್ನು ಅಳೆಯುತ್ತಿದ್ದವು. 1990ರ ದಶಕದ ಕೊನೆಗೆ ಯಂತ್ರಗಳು ಎಷ್ಟು ಜೋರಾದವೆಂದರೆ, ಆ ಅಳತೆಯ ಸಂಖ್ಯೆ ಅದಕ್ಕೆ ಇಟ್ಟಿದ್ದ ಜಾಗದಲ್ಲಿ ಹಿಡಿಯದೇ ಹೋಯಿತು. ಒಂದು ಪಾವಿನಲ್ಲಿ ಪಲ್ಲ ರಾಗಿ ಅಳೆಯಲು ಹೋದ ಹಾಗೆ. ‘ರನ್‌ಟೈಮ್ ಎರರ್ 200’ ಅಂತ ಹೇಳಿ ಪ್ರೋಗ್ರಾಂ ನಿಂತುಬಿಡುತ್ತಿತ್ತು. ಪ್ರೋಗ್ರಾಂ ಕೆಟ್ಟಿರಲಿಲ್ಲ, ಯಂತ್ರವೂ ಕೆಟ್ಟಿರಲಿಲ್ಲ. ಇಬ್ಬರ ನಡುವಿನ ಲೆಕ್ಕ ಕೆಟ್ಟಿತ್ತು.

ಆಮೇಲೆ ವಿಂಡೋಸ್ ಬಂತು. ವಿಂಡೋಸ್ ಒಳಗೆ ಯಾರೂ ನೇರವಾಗಿ ತೂಬು ಎತ್ತುವ ಹಾಗಿಲ್ಲ. ಆಟ ಬರೆಯುವವರಿಗೆ ಇದು ಇಷ್ಟವಾಗಲಿಲ್ಲ. ಅವರನ್ನು ಕರೆತರಲು ಮೈಕ್ರೊಸಾಫ್ಟ್ ಮೊದಲು 1994ರಲ್ಲಿ ‘ವಿನ್‌ಜಿ’ ಅನ್ನುವ ಲೈಬ್ರರಿ ತಂದಿತು. ಅದೇ ವರ್ಷ ಕ್ರಿಸ್‌ಮಸ್ ಹೊತ್ತಿಗೆ ಡಿಸ್ನಿಯವರ ಲಯನ್ ಕಿಂಗ್ ಸಿ.ಡಿ. ಕೊಂಡ ಅನೇಕ ಮನೆಗಳಲ್ಲಿ ಅದು ನಡೆಯಲೇ ಇಲ್ಲ, ಮಕ್ಕಳು ಅತ್ತವು. ಆ ಕಂಪ್ಯೂಟರುಗಳ ಗ್ರಾಫಿಕ್ಸ್ ಡ್ರೈವರಿಗೂ ವಿನ್‌ಜಿಗೂ ಹೊಂದಿಕೆ ಆಗಿರಲಿಲ್ಲ. ಮರುವರ್ಷ, 1995ರಲ್ಲಿ ‘ಡೈರೆಕ್ಟ್‌ಎಕ್ಸ್’ ಬಂತು. ಅದರೊಳಗಿನ ‘ಡೈರೆಕ್ಟ್‌ಡ್ರಾ’ ಅನ್ನುವ ಭಾಗ ಆ ಕಾಲದ ನೂರಾರು ಆಟಗಳಿಗೆ ಚಿತ್ರ ಬರೆಯಿತು.

1996ರಲ್ಲಿ ‘3ಡಿಎಫ್‌ಎಕ್ಸ್’ ಅನ್ನುವ ಕಂಪನಿ ‘ವೂಡೂ’ ಅಂತ ಒಂದು ಕಾರ್ಡು ತಂದಿತು. ಅದರ ಮುಂದೆ ಬೇರೆ ಕಾರ್ಡುಗಳು ಮಂಕಾದವು. ಅದಕ್ಕೇ ಮೀಸಲಾದ ನೀರುಗಂಟಿಯ ಹೆಸರು ‘ಗ್ಲೈಡ್’. ಬಹಳ ಆಟಗಳು ಗ್ಲೈಡನ್ನೇ ನೆಚ್ಚಿಕೊಂಡವು. ನಾಲ್ಕೇ ವರ್ಷ. 2000ದ ಕೊನೆಗೆ ಆ ಕಂಪನಿಯ ಆಸ್ತಿ ಎನ್‌ವಿಡಿಯಾ ಕಂಪನಿಯ ಪಾಲಾಗುವುದು ಗೊತ್ತಾಯಿತು. ಕಾರ್ಡೂ ಹೋಯಿತು, ಗ್ಲೈಡೂ ಹೋಯಿತು. ಆಟಗಳು ಮಾತ್ರ ಜನರ ಮನೆಯಲ್ಲಿ ಸಿ.ಡಿ.ಯಾಗಿ ಉಳಿದವು. ಒಬ್ಬನೇ ನೀರುಗಂಟಿಯನ್ನು ನೆಚ್ಚಿದ ಬಯಲಿನ ಪಾಡು ಇದು.

ಇನ್ನೊಂದು ಲೈಬ್ರರಿ ‘ಓಪನ್‌ಜಿಎಲ್’. ಸಿಲಿಕಾನ್ ಗ್ರಾಫಿಕ್ಸ್ ಕಂಪನಿ 1992ರಲ್ಲಿ ತಂದದ್ದು. ಅದು ಒಂದೇ ಕಂಪನಿಯ ಸ್ವತ್ತಾಗಿ ಉಳಿಯಲಿಲ್ಲ, ಹಲವರು ಕೂಡಿ ನಿಯಮ ಮಾಡಿದರು. ಅದಕ್ಕೇ ಬಾಳಿತು. ನಮ್ಮ ವಿಶ್ವೇಶ್ವರಯ್ಯ ತಾಂತ್ರಿಕ ವಿಶ್ವವಿದ್ಯಾಲಯದಲ್ಲಿ ಕಂಪ್ಯೂಟರ್ ಸೈನ್ಸ್ ಓದಿದ ಮಕ್ಕಳು ಇಲ್ಲಿ ಇದ್ದರೆ ಅವರಿಗೆ ಗೊತ್ತು, ಆರನೇ ಸೆಮಿಸ್ಟರಿನ ಗ್ರಾಫಿಕ್ಸ್ ಲ್ಯಾಬಿನಲ್ಲಿ ಅದರಲ್ಲೇ ಪುಟ್ಟ ಪ್ರಾಜೆಕ್ಟು ಮಾಡಿಸುತ್ತಿದ್ದರು. ರೈಲು ಹೋಗುವುದು, ಗಾಳಿಯಂತ್ರ ತಿರುಗುವುದು, ಹಡಗು ತೇಲುವುದು. ಆ ಲ್ಯಾಬಿನಲ್ಲಿ ಕಲಿಸುವ ‘ಜಿಎಲ್‌ಬಿಗಿನ್, ಜಿಎಲ್‌ಎಂಡ್’ ಅನ್ನುವ ಹಳೆಯ ಕ್ರಮವನ್ನು ನಿಯಮ ಮಾಡಿದವರೇ 2008ರಲ್ಲಿ ‘ಇನ್ನು ಬಳಸಬೇಡಿ’ ಅಂತ ಪಟ್ಟಿಗೆ ಹಾಕಿದರು. ಆದರೂ ಲ್ಯಾಬು ಆಮೇಲೆ ಹತ್ತು ವರ್ಷಕ್ಕೂ ಮೇಲೆ ಅದನ್ನೇ ಕಲಿಸಿತು.

ಇದು ಸರಿಯೇ ತಪ್ಪೇ ಅಂತ ನನ್ನನ್ನು ಕೇಳುತ್ತಾರೆ. ನನ್ನ ಅನುಭವ ಹೇಳುತ್ತೇನೆ, ತೀರ್ಮಾನ ನಿಮ್ಮದು.

ನಾನು ಓದು ಮುಗಿಸಿ ಬೆಂಗಳೂರಿನಲ್ಲಿ ಕೆಲಸ ಹುಡುಕುವಾಗ ಒಂದು ಕಂಪನಿಯ ಸಂದರ್ಶನದಲ್ಲಿ ‘ಗ್ರಾಫಿಕ್ಸ್ ಯಾವುದರಲ್ಲಿ ಕಲಿತಿದ್ದೀರಿ’ ಅಂದರು. ‘ಟರ್ಬೊ ಸಿ’ ಅಂದೆ. ಮೇಜಿನ ಆಚೆ ಕೂತಿದ್ದ ಮೂವರೂ ನಕ್ಕರು. ಕೆಲಸ ಸಿಗಲಿಲ್ಲ. ಹಳ್ಳಿಯಿಂದ ಹೋದ ಮಕ್ಕಳಿಗೆ ಆ ನಗು ಎಷ್ಟು ಭಾರ ಅನ್ನುವುದು ಇಲ್ಲಿ ಕೂತಿರುವ ಹಲವರಿಗೆ ಗೊತ್ತಿದೆ. ಅದಾದ ಎರಡು ವರ್ಷಕ್ಕೆ, ನಾನು ಕೆಲಸಕ್ಕಿದ್ದ ಸಣ್ಣ ಸಂಸ್ಥೆಗೆ ಒಂದು ಕಾರ್ಖಾನೆಯಿಂದ ಕರೆ ಬಂತು. ಬಟ್ಟೆ ಕತ್ತರಿಸುವ ದೊಡ್ಡ ಯಂತ್ರ. ಯಂತ್ರ ಗಟ್ಟಿಮುಟ್ಟಾಗಿತ್ತು. ಅದನ್ನು ನಡೆಸುವ ಕಂಪ್ಯೂಟರ್ ಸುಟ್ಟುಹೋಗಿ ಹೊಸದು ತಂದಿದ್ದರು. ಹಳೆಯ ಪ್ರೋಗ್ರಾಮನ್ನು ಅದಕ್ಕೆ ಹಾಕಿದರೆ ತೆರೆಯ ಮೇಲೆ ಒಂದೇ ಸಾಲು, ‘ಗ್ರಾಫಿಕ್ಸ್ ನಾಟ್ ಇನಿಷಿಯಲೈಸ್ಡ್’.

ದೊಡ್ಡ ದೊಡ್ಡವರು ನೋಡಿ ಹೊಸ ಪ್ರೋಗ್ರಾಮನ್ನೇ ಬರೆಸಬೇಕು, ಲಕ್ಷಗಟ್ಟಲೆ ಆಗುತ್ತದೆ ಅಂದಿದ್ದರು. ಆ ಸಾಲು ನೋಡಿದ ಕೂಡಲೇ ನನಗೆ ಗೊತ್ತಾಯಿತು, ಇದು ನಮ್ಮ ಮಂಡ್ಯದ ಲ್ಯಾಬಿನ ಹಳೆಯ ನೆಂಟ. ಆ ಪ್ರೋಗ್ರಾಂ ಬರೆದವನು ಡ್ರೈವರ್ ಫೈಲು ಇರುವ ಜಾಗವನ್ನು ಪ್ರೋಗ್ರಾಮಿನ ಒಳಗೇ ಬರೆದಿಟ್ಟಿದ್ದ. ಹೊಸ ಕಂಪ್ಯೂಟರಿನಲ್ಲಿ ಆ ಹೆಸರಿನ ಫೋಲ್ಡರೇ ಇರಲಿಲ್ಲ. ಹಳೆಯ ಡಿಸ್ಕಿನಿಂದ ಆ ಒಂದು ಫೈಲು ಎತ್ತಿ, ಅದೇ ಹೆಸರಿನ ಫೋಲ್ಡರ್ ಮಾಡಿ ಇಟ್ಟೆ. ಯಂತ್ರಕ್ಕೆ ನೇರವಾಗಿ ಸಂಕೇತ ಕಳಿಸಬೇಕಾಗಿದ್ದರಿಂದ ವಿಂಡೋಸ್ ಬಿಟ್ಟು ‘ಫ್ರೀಡಾಸ್’ ಹಾಕಿದೆ. ಅದು 1994ರಿಂದ ಸ್ವಯಂಸೇವಕರು ಕಟ್ಟುತ್ತಾ ಬಂದಿರುವ, ಯಾರು ಬೇಕಾದರೂ ಉಚಿತವಾಗಿ ಬಳಸಬಹುದಾದ ವ್ಯವಸ್ಥೆ. ಸಂಜೆ ಹೊತ್ತಿಗೆ ಯಂತ್ರ ಬಟ್ಟೆ ಕತ್ತರಿಸಿತು. ಆ ದಿನದ ಪಾಳಿಗೆ ಬಂದಿದ್ದ ಹೆಣ್ಣುಮಕ್ಕಳು ಕೆಲಸವಿಲ್ಲದೆ ಮನೆಗೆ ಹೋಗುವುದು ತಪ್ಪಿತು.

ಅಲ್ಲಿಂದ ಇಲ್ಲಿಯವರೆಗೆ ನನ್ನ ಕಸುಬು ಹೆಚ್ಚುಕಡಿಮೆ ಇದೇ. ಹಳೆಯ ಪ್ರೋಗ್ರಾಮಿಗೂ ಹೊಸ ಯಂತ್ರಕ್ಕೂ ರಾಜಿ ಮಾಡಿಸುವುದು. ಹಾಗಾಗಿ ಹಳೆಯದನ್ನು ಕಲಿಸಬೇಡಿ ಅಂತ ನಾನು ಹೇಳಲಾರೆ. ಹಳೆಯದರಲ್ಲೇ ನಿಲ್ಲಿಸಬೇಡಿ ಅಂತ ಹೇಳಬಲ್ಲೆ. ವೃತ್ತ ಬರೆಯುವುದು ಹೇಗೆ ಅನ್ನುವ ತಿಳಿವಳಿಕೆ ಹಳತಾಗುವುದಿಲ್ಲ. 1962ರಲ್ಲಿ ಐಬಿಎಂ ಕಂಪನಿಯ ಬ್ರೆಸೆನ್‌ಹ್ಯಾಮ್ ಅನ್ನುವವರು ಬರೀ ಕೂಡುವ ಕಳೆಯುವ ಲೆಕ್ಕದಿಂದ ಓರೆ ಗೆರೆ ಎಳೆಯುವ ಉಪಾಯ ಕಂಡುಹಿಡಿದರು. ಅದನ್ನು ಇವತ್ತೂ ಕಲಿಸುತ್ತಾರೆ. ಲೈಬ್ರರಿಯ ಹೆಸರು ಮಾತ್ರ ಬದಲಾಗುತ್ತಾ ಹೋಗುತ್ತದೆ. ತಿಳಿವಳಿಕೆ ಕಲಿತವನು ಹೊಸ ಹೆಸರನ್ನು ಒಂದು ತಿಂಗಳಲ್ಲಿ ಕಲಿಯುತ್ತಾನೆ. ಹೆಸರನ್ನು ಮಾತ್ರ ಬಾಯಿಪಾಠ ಮಾಡಿದವನನ್ನು ನೋಡಿ ಜನ ನಗುತ್ತಾರೆ.

ಈಗ ನಮ್ಮ ಶಾಲೆಯ ಕೊಠಡಿಗೆ ಬರುತ್ತೇನೆ.

2000ದ ದಶಕದ ಆರಂಭದಲ್ಲಿ ರಾಜ್ಯ ಸರ್ಕಾರದ ‘ಮಾಹಿತಿ ಸಿಂಧು’ ಯೋಜನೆಯಲ್ಲಿ ಸರ್ಕಾರಿ ಪ್ರೌಢಶಾಲೆಗಳಿಗೆ ಕಂಪ್ಯೂಟರ್ ಬಂದವು. ಅದಾದ ಮೇಲೆ ನಮ್ಮ ಶಾಲೆಗೂ ಬಂದವು. ನಾನು ಊರಿಗೆ ಬಂದ ಶನಿವಾರಗಳಲ್ಲಿ ಆಸಕ್ತಿ ಇದ್ದ ಏಳೆಂಟು ಮಕ್ಕಳಿಗೆ ಟರ್ಬೊ ಸಿ ಹೇಳಿಕೊಡುತ್ತಿದ್ದೆ. ಅವರಲ್ಲಿ ಒಂಬತ್ತನೇ ತರಗತಿಯ ಒಬ್ಬ ಹುಡುಗಿ ಚೌಕಾಬಾರ ಆಟ ಬರೆಯುತ್ತೇನೆ ಅಂತ ಹೊರಟಳು.

ಐದಕ್ಕೆ ಐದು ಮನೆ, ಗೆರೆ ಎಳೆಯುವುದು ಸುಲಭ. ಕಾಯಿ ನಡೆಸುವುದು ಕಷ್ಟ. ಕಾಯಿ ಮುಂದಿನ ಮನೆಗೆ ಹೋದಾಗ ಹಿಂದಿನ ಮನೆಯ ಗೆರೆ ಅಳಿಸಬಾರದು. ಬಿಜಿಐನಲ್ಲಿ ಅದಕ್ಕೆ ಒಂದು ಉಪಾಯ ಇದೆ. ಅದೇ ಚಿತ್ರವನ್ನು ಅದೇ ಜಾಗದಲ್ಲಿ ಒಂದು ವಿಶೇಷ ರೀತಿಯಲ್ಲಿ ಎರಡನೇ ಸಲ ಬರೆದರೆ ಚಿತ್ರ ಮಾಯವಾಗಿ, ಕೆಳಗಿನ ನೆಲ ಇದ್ದ ಹಾಗೇ ಉಳಿಯುತ್ತದೆ. ಅದನ್ನು ಹೇಳಿಕೊಟ್ಟೆ. ಕನ್ನಡ ಅಕ್ಷರ ಆ ಲೈಬ್ರರಿಯಲ್ಲಿ ಇರಲಿಲ್ಲ. ಆ ಹುಡುಗಿ ವೃತ್ತದ ತುಂಡುಗಳನ್ನು ಜೋಡಿಸಿ ‘ಚೌಕಾಬಾರ’ ಅಂತ ತಾನೇ ಬರೆದಳು. ನಮ್ಮ ಅಕ್ಷರ ದುಂಡಗೆ ಇರುವುದು ಆವತ್ತು ಉಪಯೋಗಕ್ಕೆ ಬಂತು.

ಕವಡೆ ಹಾಕುವುದಕ್ಕೆ ನಾನು ಒಂದು ಸುಲಭದ ದಾರಿ ಹೇಳಿದ್ದೆ. ಒಂದು, ಎರಡು, ಮೂರು, ಚೌಕ, ಬಾರ, ಈ ಐದರಲ್ಲಿ ಒಂದನ್ನು ಕಂಪ್ಯೂಟರ್ ಆರಿಸಲಿ ಅಂತ. ಅವಳು ಒಂದು ವಾರ ಆಡಿ ನೋಡಿ ಬಂದು ಹೇಳಿದಳು, ‘ನಮ್ಮಜ್ಜಿ ಜೊತೆ ಆಡುವಾಗ ಚೌಕ ಇಷ್ಟೊಂದು ಸಲ ಬೀಳಾಕಿಲ್ಲ ಕಣಣ್ಣ. ನಾಕು ಹುಣಸೆ ಬೀಜನೂ ಬೇರೆ ಬೇರೆ ಬೀಳ್ಬೇಕು.’ ಅವಳ ಮಾತು ಲೆಕ್ಕಕ್ಕೆ ಸರಿಯಾಗಿತ್ತು. ನಾಲ್ಕು ಬೀಜ, ಒಂದೊಂದೂ ಮೇಲ್ಮುಖ ಇಲ್ಲ ಕೆಳಮುಖ. ಬೀಳುವ ರೀತಿ ಒಟ್ಟು 16. ಅದರಲ್ಲಿ ಚೌಕ ಒಂದೇ ಸಲ, ಬಾರ ಒಂದೇ ಸಲ, ಎರಡು ಆರು ಸಲ, ಒಂದು ಮತ್ತು ಮೂರು ನಾಲ್ಕು ನಾಲ್ಕು ಸಲ. ಐದರಲ್ಲಿ ಒಂದು ಅಂದರೆ ಚೌಕ ಮೂರು ಪಟ್ಟು ಹೆಚ್ಚು ಬೀಳುತ್ತದೆ. ಅವಳು ನಾಲ್ಕು ಬೀಜವನ್ನೂ ಬೇರೆ ಬೇರೆ ಹಾಕಿಸಿ ಲೆಕ್ಕ ಹಿಡಿಸಿದಳು. ಸಂಭವನೀಯತೆ ಪಾಠವನ್ನು ಇದಕ್ಕಿಂತ ಚೆನ್ನಾಗಿ ಯಾವ ಪುಸ್ತಕವೂ ಹೇಳಿರಲಾರದು. ಆ ಪಾಠ ಅವಳಿಗೆ ಬಂದದ್ದು ಅಜ್ಜಿಯ ಜಗಲಿಯಿಂದ. ಆ ವರ್ಷ ಶಾಲಾ ವಾರ್ಷಿಕೋತ್ಸವದಲ್ಲಿ ಊರಿನ ಅಜ್ಜಿಯರು ಸಾಲು ನಿಂತು ಕಂಪ್ಯೂಟರ್ ಜೊತೆ ಚೌಕಾಬಾರ ಆಡಿದ್ದು ನಿಮ್ಮಲ್ಲಿ ಹಲವರಿಗೆ ನೆನಪಿರಬೇಕು.

ಈ ಸಮಾರಂಭಕ್ಕೆ ಆ ಆಟವನ್ನು ಮತ್ತೆ ತೋರಿಸೋಣ ಅಂತ ಹೋದ ತಿಂಗಳು ಮೂಲೆ ಕೊಠಡಿಗೆ ಹೋದೆವು. ಹತ್ತರಲ್ಲಿ ಮೂರು ಯಂತ್ರ ಹೊತ್ತಿಕೊಂಡವು. ಎರಡನೆಯದರಲ್ಲಿ ಆಟ ಸಿಕ್ಕಿತು. ಪೆನ್‌ಡ್ರೈವಿಗೆ ಹಾಕಿಕೊಂಡು ಶಾಲೆಯ ಹೊಸ ಕಂಪ್ಯೂಟರಿಗೆ ತಂದರೆ ಅದು ನಡೆಸಲಾರೆ ಅಂದಿತು. ಈ ಆಟ 16 ಬಿಟ್ಟಿನ ಕಾಲದ್ದು. ಈಗಿನ 64 ಬಿಟ್ ವಿಂಡೋಸ್ ಅಂಥದ್ದನ್ನು ಒಳಗೆ ಸೇರಿಸುವುದೇ ಇಲ್ಲ.

ಆಗ ‘ಡಾಸ್‌ಬಾಕ್ಸ್’ ಹಾಕಿದೆವು. 2002ರಲ್ಲಿ ಮೊದಲು ಬಿಡುಗಡೆಯಾದ ಉಚಿತ ತಂತ್ರಾಂಶ. ಅದು ಹೊಸ ಕಂಪ್ಯೂಟರಿನ ಒಳಗೆ ಒಂದು ಹಳೆಯ ಕಂಪ್ಯೂಟರನ್ನೇ ನಟಿಸಿ ತೋರಿಸುತ್ತದೆ. ಹಳೆಯ ವಿಜಿಎ ಕಾರ್ಡು, ಹಳೆಯ ಧ್ವನಿ ಕಾರ್ಡು, ಹಳೆಯ ವೇಗ, ಎಲ್ಲವನ್ನೂ ನಟಿಸುತ್ತದೆ. ಆಟ ತೂಬಿಗೆ ಕೈ ಹಾಕಿದರೆ ಅಲ್ಲಿ ತೂಬು ಇದ್ದ ಹಾಗೇ ಇರುತ್ತದೆ. ಕಂಟ್ರೋಲ್ ಜೊತೆ ಎಫ್11 ಒತ್ತಿದರೆ ನಿಧಾನ, ಎಫ್12 ಒತ್ತಿದರೆ ಜೋರು. ಹಳೆಯ ಟರ್ಬೊ ಗುಂಡಿ ಕೀಲಿಮಣೆಗೆ ಬಂದು ಕೂತಿದೆ. ನಿನ್ನೆಯಿಂದ ಅಲ್ಲಿ ಎಡಗಡೆ ಮೇಜಿನ ಮೇಲೆ ಮಕ್ಕಳು ಆಡುತ್ತಿರುವುದು ಅದೇ ಚೌಕಾಬಾರ. ಅದನ್ನು ಬರೆದ ಹುಡುಗಿ ಈಗ ಸರ್ಕಾರಿ ಶಾಲೆಯೊಂದರಲ್ಲಿ ಗಣಿತದ ಮೇಡಂ. ಸಭೆಯಲ್ಲೇ ಇದ್ದಾರೆ. ಹೆಸರು ಹೇಳಬೇಡಿ ಅಂದಿದ್ದಾರೆ, ಹೇಳುವುದಿಲ್ಲ.

ಇದೇ ರೀತಿ ಗ್ಲೈಡನ್ನು ನೆಚ್ಚಿದ್ದ ಆಟಗಳಿಗೆ ‘ಎನ್‌ಗ್ಲೈಡ್’, ‘ಡಿಜಿವೂಡೂ’ ಅಂತ ಹೊಸ ನೀರುಗಂಟಿಗಳು ಬಂದಿದ್ದಾರೆ. ಆಟ ಹಳೆಯ ಹೆಸರಿನಿಂದಲೇ ಕರೆಯುತ್ತದೆ. ಇವರು ‘ಓ’ ಅಂತ ಬಂದು ಹೊಸ ತೂಬು ಎತ್ತುತ್ತಾರೆ. ಮೈಕ್ರೊಸಾಫ್ಟಿನ ಡೈರೆಕ್ಟ್3ಡಿಗೆ ಬರೆದ ಆಟಗಳನ್ನು ಲಿನಕ್ಸಿನಲ್ಲಿ ನಡೆಸಲು ‘ಡಿಎಕ್ಸ್‌ವಿಕೆ’ ಇದೆ. ಇವುಗಳಲ್ಲಿ ಬಹಳಷ್ಟನ್ನು ಬರೆದು ಉಚಿತವಾಗಿ ಹಂಚಿದವರು ಯಾರ ಆಜ್ಞೆಗೂ ಕಾಯದೆ, ಆಟದ ಮೇಲಿನ ಪ್ರೀತಿಗೆ ರಾತ್ರಿ ಕೂತು ಕೆಲಸ ಮಾಡಿದವರು.

ಇಲ್ಲಿ ಒಂದು ಮುಖ್ಯವಾದ ಮಾತು. ಆಟದ ಸಿದ್ಧ ಫೈಲು ಇದ್ದರೆ ನಟನೆಯ ಯಂತ್ರದಲ್ಲಿ ಓಡಿಸಬಹುದು, ಅಷ್ಟೇ. ಬರೆದ ಮೂಲ ಪ್ರೋಗ್ರಾಂ ಇದ್ದರೆ ಅದನ್ನು ತಿದ್ದಬಹುದು, ಬೆಳೆಸಬಹುದು. ಬಿಜಿಐನ ಹೆಸರುಗಳನ್ನೇ ಇಟ್ಟುಕೊಂಡು ಈಗಿನ ಯಂತ್ರದಲ್ಲಿ ನಡೆಯುವ ‘ಎಸ್‌ಡಿಎಲ್ ಬಿಜಿಐ’ಯಂಥ ಲೈಬ್ರರಿಗಳಿವೆ. ಮೂಲ ಇದ್ದರೆ ಚೌಕಾಬಾರವನ್ನು ಅದರಲ್ಲಿ ಮರಳಿ ಕಟ್ಟಬಹುದು. ಬೆಲ್ಲ ಇದ್ದರೆ ಪಾಯಸ ಮಾಡಬಹುದು, ಕಬ್ಬಿನ ಬಿತ್ತನೆ ಇದ್ದರೆ ಗದ್ದೆಯನ್ನೇ ಮಾಡಬಹುದು. ಪ್ರಿನ್ಸ್ ಆಫ್ ಪರ್ಷಿಯಾ ಬರೆದ ಮೆಕ್ನರ್ ಅವರ ಮೂಲ ಪ್ರೋಗ್ರಾಂ ಬಹುಕಾಲ ಕಳೆದುಹೋಗಿತ್ತು. 2012ರಲ್ಲಿ ಅವರ ತಂದೆಗೆ ಮನೆಯ ಬೀರುವಿನಲ್ಲಿ ಒಂದು ಡಬ್ಬಿ ಫ್ಲಾಪಿ ಸಿಕ್ಕಿತು. ತಿಳಿದವರು ಕೂಡಿ ಎಚ್ಚರದಿಂದ ಓದಿ, ಅದನ್ನು ಎಲ್ಲರಿಗೂ ತೆರೆದಿಟ್ಟರು. ಲೋಕವೇ ಆಡಿದ ಆಟದ ಬಿತ್ತನೆ ಉಳಿದದ್ದು ಒಬ್ಬ ತಂದೆ ಡಬ್ಬಿ ಎಸೆಯದೇ ಇದ್ದದ್ದಕ್ಕೆ. ನಮ್ಮ ಚೌಕಾಬಾರದ ಮೂಲ ಇನ್ನೂ ಸಿಕ್ಕಿಲ್ಲ. ಹೊತ್ತಿಕೊಳ್ಳದ ಏಳು ಯಂತ್ರಗಳಲ್ಲಿ ಯಾವುದೋ ಒಂದರ ಡಿಸ್ಕಿನಲ್ಲಿ ಇರಬೇಕು.

ಆಟದ ಮಾತು ಬೇಡ ಅನ್ನುವವರಿಗೂ ಒಂದು ವಿಷಯ ಹೇಳುತ್ತೇನೆ. ಈ ಸ್ಮರಣ ಸಂಚಿಕೆಗೆಂದು ಹಳೆಯ ವಾರ್ಷಿಕ ವರದಿಗಳನ್ನು ತೆರೆದಾಗ ಕನ್ನಡದ ಬದಲು ಅರ್ಥವಿಲ್ಲದ ಇಂಗ್ಲಿಷ್ ಚಿಹ್ನೆಗಳು ಬಂದವು. ಅವನ್ನು ನುಡಿ, ಬರಹ ತಂತ್ರಾಂಶಗಳ ಹಳೆಯ ಅಕ್ಷರಶೈಲಿಯಲ್ಲಿ ಟೈಪು ಮಾಡಿದ್ದರು. ಆಗ ಇಂಗ್ಲಿಷ್ ಅಕ್ಷರದ ಜಾಗದಲ್ಲೇ ಕನ್ನಡದ ಆಕಾರಗಳನ್ನು ಕೂರಿಸುತ್ತಿದ್ದರು. ಆ ಅಕ್ಷರಶೈಲಿ ಇದ್ದರೆ ಕನ್ನಡ, ಇಲ್ಲದಿದ್ದರೆ ಗೊಂದಲ. ಇಲ್ಲೂ ನೀರುಗಂಟಿ ಇಲ್ಲದ ತೂಬೇ. ಕನ್ನಡಕ್ಕೆ ತನ್ನದೇ ಜಾಗ ಕೊಟ್ಟ ಯೂನಿಕೋಡ್ 1991ರಲ್ಲೇ ಬಂದಿತ್ತು. ಕಚೇರಿ, ಶಾಲೆಗಳಿಗೆ ಅದು ಮುಟ್ಟುವುದಕ್ಕೆ ಬಹಳ ವರ್ಷ ಹಿಡಿಯಿತು. ಈಗ ಹಳೆಯದನ್ನು ಯೂನಿಕೋಡಿಗೆ ಬದಲಿಸುವ ಉಚಿತ ಸಾಧನಗಳಿವೆ. ನಿಮ್ಮ ಕೈಯಲ್ಲಿರುವ ಸಂಚಿಕೆಯಲ್ಲಿ ಹಳೆಯ ಮುಖ್ಯೋಪಾಧ್ಯಾಯರ ವರದಿಗಳು ಹಾಗೇ ಬಂದವು. ಇನ್ನೂ ಎಷ್ಟು ವರದಿ, ಎಷ್ಟು ಗ್ರೂಪ್ ಫೋಟೊ, ಯಾರ ಯಾರ ಹಾಡು ಆ ಏಳು ಯಂತ್ರಗಳ ಹೊಟ್ಟೆಯಲ್ಲಿದೆಯೋ, ತೆರೆದು ನೋಡದೆ ಹೇಳಲಾಗದು.

ಹಾಗಾಗಿ ನನ್ನ ಕೋರಿಕೆ ನಾಲ್ಕು.

ಒಂದನೆಯದು, ಹರಾಜನ್ನು ನಿಲ್ಲಿಸಿ ಅಂತ ನಾನು ಕೇಳುವುದಿಲ್ಲ. ಕೊಠಡಿ ಬೇಕು, ಮಕ್ಕಳಿಗೆ ಹೊಸ ಯಂತ್ರ ಬೇಕು. ಪೆಟ್ಟಿಗೆ ಹೋಗಲಿ. ಅದರೊಳಗಿನ ಹಾರ್ಡ್ ಡಿಸ್ಕಿನಲ್ಲಿ ಇರುವುದನ್ನು ಮುಖ್ಯೋಪಾಧ್ಯಾಯರ ಅನುಮತಿ ಪಡೆದು ಮೊದಲು ಪ್ರತಿ ಮಾಡಿಕೊಳ್ಳೋಣ. ಆ ಕೆಲಸಕ್ಕೆ ಬೇಕಾದ ಸಲಕರಣೆ ನಾನು ತರುತ್ತೇನೆ. ಎರಡು ಭಾನುವಾರ ಸಾಕು.

ಎರಡನೆಯದು, ಹಳೆಯ ವಿದ್ಯಾರ್ಥಿಗಳು ಮನೆಯ ಅಟ್ಟ, ಬೀರು ಒಮ್ಮೆ ನೋಡಿ. ಶಾಲೆಯ ಕಾಲದ ಫ್ಲಾಪಿ, ಸಿ.ಡಿ. ಇದ್ದರೆ ತನ್ನಿ. ಫ್ಲಾಪಿಗೆ ಬೂಸ್ಟು ಹಿಡಿದಿದ್ದರೆ ನೀವೇ ಯಂತ್ರಕ್ಕೆ ಹಾಕಬೇಡಿ, ಹಾಗೇ ತನ್ನಿ.

ಮೂರನೆಯದು, ಪ್ರತಿ ಮಾಡಿದ್ದನ್ನು ಮೂರು ಕಡೆ ಇಡೋಣ. ಒಂದು ಶಾಲೆಯಲ್ಲಿ, ಒಂದು ಹಳೆಯ ವಿದ್ಯಾರ್ಥಿ ಸಂಘದಲ್ಲಿ, ಒಂದು ಊರಿನ ಆಚೆ. ವರ್ಷಕ್ಕೊಮ್ಮೆ ತೆರೆದು ನೋಡೋಣ. ಕಣಜದ ರಾಗಿಯನ್ನು ಆಗಾಗ ಬಿಸಿಲಿಗೆ ಹಾಕಿದ ಹಾಗೆ. ಅದರಲ್ಲಿ ಮಕ್ಕಳ ಅಂಕಪಟ್ಟಿ, ವಿಳಾಸದಂಥ ಖಾಸಗಿ ವಿವರ ಇದ್ದರೆ ಅದು ಶಾಲೆಯ ಕೈ ಬಿಟ್ಟು ಹೊರಗೆ ಹೋಗಬಾರದು.

ನಾಲ್ಕನೆಯದು ಮಕ್ಕಳಿಗೆ. ನೀವು ಏನೇ ಬರೆಯಿರಿ, ಮೂಲವನ್ನು ಉಳಿಸಿ. ಯಾವ ಲೈಬ್ರರಿ, ಯಾವ ಆವೃತ್ತಿ, ಯಾವ ವರ್ಷ ಅಂತ ಜೊತೆಗೆ ಎರಡು ಸಾಲು ಕನ್ನಡದಲ್ಲಿ ಬರೆದಿಡಿ. ನಿಮ್ಮ ಗಣಿತದ ಪುಸ್ತಕದಲ್ಲಿ ವೈ ಅಕ್ಷ ಮೇಲಕ್ಕೆ ಹೋಗುತ್ತದೆ. ಕಂಪ್ಯೂಟರಿನ ತೆರೆಯ ಮೇಲೆ ಲೆಕ್ಕ ಎಡಗಡೆಯ ಮೇಲಿನ ಮೂಲೆಯಿಂದ ಶುರುವಾಗಿ ಕೆಳಕ್ಕೆ ಇಳಿಯುತ್ತದೆ. ಅದು ಯಾಕೆ ಅಂತ ಮೇಷ್ಟ್ರನ್ನು ಕೇಳಿ. ಕೇಳುವ ಅಭ್ಯಾಸ ಇದ್ದರೆ ನೀವು ಕಲಿತ ಲೈಬ್ರರಿ ಹಳತಾದರೂ ನೀವು ಹಳತಾಗುವುದಿಲ್ಲ.

ಶಾಲೆ ಐವತ್ತು ವರ್ಷ ನಮ್ಮನ್ನು ಇಟ್ಟುಕೊಂಡಿದೆ. ಹಾಜರಿ ಪುಸ್ತಕದಲ್ಲಿ ನಮ್ಮ ಹೆಸರು ಇನ್ನೂ ಇದೆ, ಗೆದ್ದಲು ಹಿಡಿಯದ ಹಾಗೆ ಗುಮಾಸ್ತರು ಕಾಪಾಡಿದ್ದಾರೆ. ಮಕ್ಕಳು ಕೈಯಾರೆ ಮಾಡಿದ್ದಕ್ಕೂ ಅಷ್ಟೇ ಆದರ ಸಿಗಲಿ. ಮುಂದಿನ ಭಾನುವಾರ ಬೆಳಿಗ್ಗೆ ಒಂಬತ್ತಕ್ಕೆ ನಾನು ಮೂಲೆ ಕೊಠಡಿಯ ಮುಂದೆ ಇರುತ್ತೇನೆ. ಬರುವವರು ಒಂದು ಸ್ಕ್ರೂ ಡ್ರೈವರ್, ಒಂದು ಧೂಳು ಒರೆಸುವ ಬಟ್ಟೆ ತನ್ನಿ. ಕಾಫಿ, ಮದ್ದೂರು ವಡೆ ನನ್ನ ಲೆಕ್ಕ.